ಗಡಿಗೆಪ್ಪನ ಸಂಸಾರ ಮತ್ತು ಒಂದು ಹಸಿರು ಜಂಪರ್ ಪೀಸು

ಬೇರೆಯವರ ಮನೆಯಲ್ಲಿ ನಗುವಂಥದ್ದು ನಡೆದರೆ ಅವರವರೇ ನಕ್ಕು ಮರೆತುಬಿಡುತ್ತಾರೆ. ನಮ್ಮ ಮನೆಯಲ್ಲಿ ನಡೆದರೆ ಮುಂದಿನ ಭಾನುವಾರ ನಾಲ್ಕು ತಾಲೂಕಿಗೆ ಗೊತ್ತಾಗುತ್ತದೆ. ಅದಕ್ಕೆಲ್ಲ ನನ್ನ ಸೊಸೆಯೇ ಕಾರಣ.

ನಾವು ಚನ್ನಗಿರಿಯವರು. ಮಗನಿಗೆ ಪಂಪ್‌ಸೆಟ್ ಮೋಟರ್ ರಿಪೇರಿ ಅಂಗಡಿ. ಸೊಸೆ ಮಕ್ಕಳಿಗೆ ಡ್ರಾಯಿಂಗ್ ಹೇಳಿಕೊಡುತ್ತಾಳೆ. ಒಂಬತ್ತು ವರ್ಷದ ಹಿಂದೆ ಅವಳು ಟ್ಯಾಬಿನಲ್ಲಿ ಒಬ್ಬ ಡೊಳ್ಳು ಹೊಟ್ಟೆಯ ಗಂಡಸಿನ ಚಿತ್ರ ಬರೆದು ಗಡಿಗೆಪ್ಪ ಎಂದು ಹೆಸರಿಟ್ಟಳು. ಅವನಿಗೊಬ್ಬ ಹೆಂಡತಿ, ಬಾಯಿ ಜೋರಿನ ಒಬ್ಬಳು ತಾಯಿ, ತೊಟ್ಟಿಲಲ್ಲಿ ಒಂದು ಕೂಸು, ಆಗಾಗ ಬರುವ ಒಬ್ಬ ಬೀಗಿತಿ, ಎಲ್ಲವನ್ನೂ ಕೂಡಿಸಿದಳು. ಅವು ಅಲುಗಾಡುವಂತೆ, ಮಾತಾಡುವಂತೆ ಮಾಡಿ ಫೋನಿಗೆ ಬಿಟ್ಟಳು. ಅವತ್ತಿನಿಂದ ವಾರ ತಪ್ಪದೆ ನಡೆದುಬಂದ ‘ಗಡಿಗೆಪ್ಪನ ಸಂಸಾರ’ ಈ ವರ್ಷ ಒಂದು ಜಂಪರ್ ಪೀಸಿನ, ಅದೇ ರವಿಕೆ ಬಟ್ಟೆಯ, ದೆಸೆಯಿಂದ ನಿಂತೇ ಹೋಗುವುದರಲ್ಲಿತ್ತು. ಅದನ್ನೇ ಹೇಳಬೇಕೆಂದು ಕೂತಿದ್ದೇನೆ. ನನಗೆ ಅಕ್ಷರ ಬಾರದು. ಹೇಳುವವಳು ನಾನು, ಬರೆಯುವವಳು ಮೊಮ್ಮಗಳು. ಅವಳ ವಿಷಯ ಬಂದ ಕಡೆ ಮಾತ್ರ ಅವಳ ಪೆನ್ನು ನಿಧಾನವಾಗುತ್ತದೆ.

ಬೈಯಲು ಒಬ್ಬರು ಬೇಕು

ಗಡಿಗೆಪ್ಪನ ತಾಯಿಗೆ ದನಿ ಕೊಡಲು ಸೊಸೆ ನನ್ನನ್ನು ಕೂರಿಸಿದಳು. ಹೊರಗಿನ ಗಾಡಿ ಸದ್ದು ಬರಬಾರದೆಂದು ತಲೆಯ ಮೇಲಿಂದ ಕಂಬಳಿ ಹೊದಿಸಿ, ಕೈಗೆ ಫೋನ್ ಕೊಟ್ಟು, “ಅತ್ತೆ, ಗಡಿಗೆಪ್ಪ ಸಂತೆಗೆ ಹೋಗಿ ಕೊತ್ತಂಬರಿ ಮರ್ತು ಬಂದಾನೆ. ಬೈರಿ” ಅಂದಳು.

ನನಗೆ ಬಾಯೇ ಬರಲಿಲ್ಲ. “ಯಾರನ್ನ ಬೈಲೇ? ಕಂಬಳೀನಾ?”

ಅಂಗಡಿಯಿಂದ ಮಗನನ್ನು ಕರೆಸಿ ನನ್ನ ಎದುರಿಗೆ ಕೂರಿಸಿದಳು. ಕಂಬಳಿ ಸಂದಿಯಿಂದ ಅವನ ಮುಖ ಕಂಡದ್ದೇ ತಡ, ಮಾತು ಕಿತ್ತುಕೊಂಡು ಬಂತು. ಕೊತ್ತಂಬರಿಯಿಂದ ಶುರುವಾದದ್ದು ಅವನು ಆರನೇ ಕ್ಲಾಸಿನಲ್ಲಿ ಫೇಲಾದ ತನಕ ಹೋಯಿತು. ಅಷ್ಟರಲ್ಲಿ ಹಾಲಿಗೆ ಹೆಪ್ಪು ಕೇಳಲು ಬಂದ ಪಕ್ಕದ ಮನೆಯಾಕೆ, ಒಂದು ಕಂಬಳಿ ಕೂತು ಬೈಯುತ್ತಿರುವುದನ್ನೂ ನನ್ನ ಮಗ ಕೈಕಟ್ಟಿ ಕೇಳುತ್ತಿರುವುದನ್ನೂ ಕಂಡು, ಬಟ್ಟಲು ಅಲ್ಲೇ ಬಿಟ್ಟು ಓಡಿದಳು. ಹತ್ತು ನಿಮಿಷಕ್ಕೆ ವಿಭೂತಿ ಹಿಡಿದು ತಿರುಗಿ ಬಂದಳು.

ಎಲ್ಲ ಮುಗಿದ ಮೇಲೆ ಮಗ ಕೇಳಿದ, “ಅವ್ವಾ, ಇದ್ರಾಗೆ ಗಡಿಗೆಪ್ಪಂದು ಎಷ್ಟು, ನಂದೆಷ್ಟು?”

ಸೊಸೆ ಹೇಳಿದಳು, “ಏಳ್ಬ್ಯಾಡ್ರೀ, ಕೂತಿರ್ರಿ. ಮುಂದಿನ ವಾರದ್ದೂ ಇವತ್ತೇ ಮುಗಿಸಿಬಿಡಾಣ.”

ಹೊನ್ನಾಳಿಯ ರಾಗಿ ಸರಿ

ಹೊನ್ನಾಳಿಯಲ್ಲಿ ಹಿರೀ ಮಗಳಿದ್ದಾಳೆ. ಅವಳ ಮನೆಗೆ ಹೋದಾಗ ಬಸ್‌ಸ್ಟ್ಯಾಂಡಿನಲ್ಲಿ ಹೂವಿನವಳ ಜೊತೆ ಮೊಳ ಗಿಡ್ಡವಾಯಿತೆಂದು ವಾದಕ್ಕೆ ನಿಂತಿದ್ದೆ. ಹಿಂದಿನಿಂದ ಒಬ್ಬಾಕೆ ಬಂದು ಕೈ ಹಿಡಿದಳು. “ನೀವು ಗಡಿಗೆಪ್ಪನ ತಾಯಿ ಅಲ್ವೇನ್ರೀ? ದನಿಯಾಗೇ ಗೊತ್ತಾತು!”

ನನಗೆ ಹಿಗ್ಗು. ಹೂವಿನವಳು ಕೂಡ ಅರ್ಧ ಮೊಳ ಜಾಸ್ತಿ ಕೊಟ್ಟಳು. ಆದರೆ ಆಕೆ ಮುಖ ಸಣ್ಣದು ಮಾಡಿಕೊಂಡು ಕೇಳಿದಳು, “ಅಲ್ರೀ, ನಿಮ್ಮ ಕೂಸು ಒಂಬತ್ತು ವರ್ಷದಿಂದ ತೊಟ್ಟಿಲದಾಗೇ ಐತಲ್ಲ. ಡಾಕ್ಟ್ರಿಗೆ ತೋರ್ಸಿದ್ರಾ?”

“ಅಯ್ಯೋ, ಅದು ಚಿತ್ರ ಕಣವ್ವಾ. ಚಿತ್ರ ಬೆಳೆಯಲ್ಲ.”

“ಚಿತ್ರ ಅಂತ ನಂಗೂ ಗೊತ್ತೈತ್ರೀ. ಆದ್ರೆ ಒಂಬತ್ತು ವರ್ಷ ಬರೀ ಹಾಲಿನ ಮ್ಯಾಲೆ ಇಟ್ರೆ ಚಿತ್ರನಾದ್ರೂ ಹೆಂಗೆ ಬೆಳೀತೈತೆ?”

ನಿಲ್ಲಿ ಎಂದು ಅಂಗಡಿಗೆ ಹೋಗಿ ರಾಗಿ ಸರಿಯ ಹಿಟ್ಟಿನ ಪೊಟ್ಟಣ ತಂದು ನನ್ನ ಚೀಲಕ್ಕೆ ಹಾಕಿಯೇ ಬಿಟ್ಟಳು.

ಆ ಕೂಸಿನ ಅಳು ನನ್ನ ಮೊಮ್ಮಗಳದ್ದು. ಶುರುವಾದಾಗ ಅವಳಿಗೆ ಆರು ವರ್ಷ. ಈಗ ಹತ್ತನೇ ಕ್ಲಾಸು. ಈಗಲೂ ಭಾನುವಾರ ಬಂದರೆ ಅದೇ ಕಂಬಳಿಯೊಳಗೆ ಕೂತು “ಙ್ಯಾ” ಎಂದು ಅಳಬೇಕು. ಶಾಲೆಯಲ್ಲಿ ಗೆಳತಿಯರು ಒಂದು ಸಲ ಹಾಗೆ ಅಳಿಸಿಯೇ ಊಟಕ್ಕೆ ಬಿಡುತ್ತಾರಂತೆ. ಹೊನ್ನಾಳಿಯಾಕೆಯ ಮಾತು ಹೇಳಿದಾಗ ಅವಳೇ ಎದ್ದು ಹೋಗಿ ಪೊಟ್ಟಣ ಒಡೆದಳು. “ಅಜ್ಜಿ, ಮೊದ್ಲು ಸರಿ ಕಾಯ್ಸು. ಹಿಂಗಾದ್ರೂ ಆ ಕೂಸು ಬೇಗ ದೊಡ್ಡದಾಗ್ಲಿ.”

ನ್ಯಾಮತಿ ಅಳಿಯನ ಬೆರಳುಗಳು

ಕಿರೀ ಅಳಿಯನಿಗೆ ನ್ಯಾಮತಿಯಲ್ಲಿ ನೌಕರಿ. ಬಹಳ ಒಳ್ಳೆಯವನು. ಒಂದು ಸಲ ನಮ್ಮ ಮನೆಗೆ ಬಂದು ಊಟಕ್ಕೆ ಕೂತಾಗ ಮೊಮ್ಮಗಳು ಆ ವಾರದ ಕಾರ್ಟೂನು ಹಾಕಿದಳು. ಅದರಲ್ಲಿ ಗಡಿಗೆಪ್ಪ ಬೀಗರ ಮನೆ ಊಟಕ್ಕೆ ಹೋಗಿರುತ್ತಾನೆ. ಹೋಳಿಗೆ ತಂದರೆ “ಸಾಕು, ಸಾಕು” ಎಂದು ಎಲೆಗೆ ಕೈ ಅಡ್ಡ ಹಿಡಿಯುತ್ತಾನೆ, ಆದರೆ ಐದು ಬೆರಳನ್ನೂ ಅಗಲಿಸಿಕೊಂಡು! ಸಂದಿಯಿಂದ ಹೋಳಿಗೆ ಜಾರಿ ಎಲೆಗೆ ಬೀಳುತ್ತದೆ.

ಅಳಿಯ ನಕ್ಕು ನಕ್ಕು ಕೆಮ್ಮಿದ. “ಅತ್ತೇರೆ, ಇದು ನಿಮ್ಮ ಹೊನ್ನಾಳಿ ಅಳಿಯನೇ ನೋಡ್ರೀ! ಥೇಟ್ ಹಿಂಗೇ ಮಾಡ್ತಾರೆ. ನೋಡಿದ್ರೆ ನಾಚ್ಕೆ ಆಗ್ಬೇಕು ಅವ್ರಿಗೆ.”

ಸೊಸೆ ಹೋಳಿಗೆ ಹಿಡಿದು ಬಂದಳು. ಅಳಿಯನ ಕಣ್ಣು ಫೋನಿನ ಮೇಲಿತ್ತು. “ಸಾಕಕ್ಕಾ, ಸಾಕು” ಎಂದು ಕೈ ಅಡ್ಡ ಹಿಡಿದ. ನಾನು ಬೆರಳು ಎಣಿಸಿದೆ. ಐದಕ್ಕೆ ಐದೂ ಅಗಲವಾಗಿದ್ದವು. ಹೋಳಿಗೆ ಜಾರಿತು.

“ತುಪ್ಪ?” ಅಂದ ಅಳಿಯ.

ಆವತ್ತೇ ನನಗೆ ಗೊತ್ತಾಯಿತು. ಕಾರ್ಟೂನಿನಲ್ಲಿ ಎಲ್ಲರಿಗೂ ಬೇರೆಯವರೇ ಕಾಣುತ್ತಾರೆ, ತಾವು ಕಾಣುವುದಿಲ್ಲ. ಈ ಮನೆಯಲ್ಲಿ ಎಲ್ಲವೂ ತಿಳಿಯುವವಳು ನಾನೊಬ್ಬಳೇ ಎಂದು ಸ್ವಲ್ಪ ಜಂಬವೂ ಬಂತು.

ಬೀಗಿತಿಯ ಮುನಿಸು

ಮುತ್ತೈದೆಯರಿಗೆ ಉಡಿ ತುಂಬುವಾಗ ಅಕ್ಕಿ, ಕೊಬ್ಬರಿ ಬಟ್ಟಲು, ಅರಿಶಿನ ಕೊಂಬಿನ ಜೊತೆ ಒಂದು ಜಂಪರ್ ಪೀಸು ಇಡುತ್ತಾರಲ್ಲ, ಅದನ್ನು ಹೊಲಿಸಿ ತೊಟ್ಟವರನ್ನು ನಾನು ಕಂಡಿಲ್ಲ. ಬಂದದ್ದು ಟ್ರಂಕಿಗೆ ಹೋಗುತ್ತದೆ. ಟ್ರಂಕಿನಿಂದ ಇನ್ನೊಬ್ಬರ ಉಡಿಗೆ ಹೋಗುತ್ತದೆ. ಇರುವ ಭಯ ಒಂದೇ, ಕೊಟ್ಟವರಿಗೇ ತಿರುಗಿ ಕೊಡಬಾರದು.

ಸೊಸೆ ಇದರ ಮೇಲೆ ಒಂದು ಕಾರ್ಟೂನು ಮಾಡಿದಳು. ಗಡಿಗೆಪ್ಪನ ಬೀಗಿತಿ ಯಾವ ಪೀಸು ಯಾರಿಂದ ಬಂತೆಂದು ನೆನಪಿಗೆ ಒಂದೊಂದು ಮನೆಗೆ ಒಂದೊಂದು ಬಣ್ಣದ ದಾರವನ್ನು ಸೆರಗಿನ ತುದಿಗೆ ಗಂಟು ಹಾಕಿದಂತೆ ಪೀಸಿನ ಮೂಲೆಗೆ ಕಟ್ಟಿಡುತ್ತಾಳೆ. ಒಂದು ದಿನ ದಾರ ಬಿಚ್ಚಿಹೋಗಿ, ಕೊಟ್ಟಾಕೆಗೇ ಕೊಟ್ಟು ಸಿಕ್ಕಿಬಿದ್ದು, ಆಕೆಯ ಜೊತೆ ಜಗಳಕ್ಕೂ ನಿಲ್ಲುತ್ತಾಳೆ. ಆ ಬೀಗಿತಿಗೂ ನಾನೇ ದನಿ ಕೊಟ್ಟೆ. ನಗು ತಡೆಯಲಾಗದೆ ಮೂರು ಸಲ ಕಂಬಳಿಯಿಂದ ಹೊರಗೆ ಬಂದೆ. “ಎಂಥಾ ಜಿಪುಣಿ ಕಣೇ ಇವ್ಳು!” ಅಂದೆ. ಸೊಸೆ ಟ್ಯಾಬಿನತ್ತ ತಿರುಗಿ ದಾರದ ಬಣ್ಣ ತಿದ್ದತೊಡಗಿದಳು.

ಭಾನುವಾರ ಅದು ಬಂತು. ಸೋಮವಾರ ಜಗಳೂರಿನಿಂದ ಫೋನ್ ಬಂತು. ನ್ಯಾಮತಿ ಅಳಿಯನ ತಾಯಿ, ಅಂದರೆ ನನ್ನ ನಿಜವಾದ ಬೀಗಿತಿ. “ಜಗಳೂರಿನಾಗೆಲ್ಲ ನಂಗೆ ಅವಮಾನ ಆಗೈತೆ. ಅದು ಸರಿಯಾಗೋ ತನಕ ನಿಮ್ಮ ಮನೆ ಹೊಸ್ತಿಲು ತುಳಿಯಲ್ಲ” ಎಂದು ಫೋನ್ ಇಟ್ಟೇಬಿಟ್ಟರು.

ಕಿರೀ ಮಗಳು ಮದುವೆಯಾಗಿ ಏಳು ವರ್ಷಕ್ಕೆ ಬಸುರಿ. ಹದಿನೈದು ದಿನಕ್ಕೆ ನಮ್ಮ ಮನೆಯಲ್ಲಿ ಸೀಮಂತ. ಮೊದಲ ಉಡಿ ತುಂಬಬೇಕಾದವರು ಅವಳ ಅತ್ತೆ. ಮಗಳು ಫೋನಿನಲ್ಲಿ ಅಳುತ್ತಿದ್ದಳು, “ಅವ್ವಾ, ನಮ್ಮತ್ತೆ ಬರ್ಲಿಲ್ಲ ಅಂದ್ರೆ ನಂಗೆ ಯಾವ ಸೀಮಂತನೂ ಬ್ಯಾಡ.”

ಆ ಸಂಜೆ ಸೊಸೆ ಟ್ಯಾಬನ್ನು ಒಂದು ಟವೆಲಿನಲ್ಲಿ ಸುತ್ತಿ ಬೀರುವಿನಲ್ಲಿಟ್ಟಳು. “ಸಾಕು ಅತ್ತೆ. ಒಂದು ನಗುವಿಗೆ ಒಬ್ರ ಮನಸ್ಸು ಮುರೀಬಾರ್ದು.” ಎರಡು ಭಾನುವಾರ ಮನೆಯಲ್ಲಿ ಕಂಬಳಿ ಮಡಿಸಿಟ್ಟೇ ಇತ್ತು. ಕೂಸಿನ ಅಳು ತಪ್ಪಿದ್ದಕ್ಕೆ ಕುಣಿಯಬೇಕಾದ ಮೊಮ್ಮಗಳೇ ಕಣ್ಣು ಒರೆಸಿಕೊಂಡಳು. ಮಗ ಬಂದು ನನ್ನೆದುರು ಕೂತು, “ಅವ್ವಾ, ಸುಮ್ನೆ ಒಂಚೂರು ಬೈಯಿ” ಅಂದ.

ಮೊದಲ ಉಡಿ

ಸೀಮಂತದ ದಿನ ಮಗಳಿಗೆ ಹಸಿರು ಸೀರೆ ಉಡಿಸಿ ಮಣೆಯ ಮೇಲೆ ಕೂರಿಸಿದ್ದೆವು. ಬಂದ ಹೆಂಗಸರೆಲ್ಲ ತಟ್ಟೆ ಹಿಡಿದು ಕಾಯುತ್ತಿದ್ದರು. ಮಗಳ ಕಣ್ಣು ಬಾಗಿಲಲ್ಲೇ ಇತ್ತು. ಹನ್ನೊಂದಾಯಿತು. ಆಗ ಮನೆ ಮುಂದೆ ಆಟೋ ನಿಂತಿತು.

ಬೀಗಿತಿ! ಕೈಯಲ್ಲಿ ಚೀಲ, ಮುಖದಲ್ಲಿ ಕಾರ. ನೀರು ಕೊಡಲು ಹೋದ ಸೊಸೆಯನ್ನು ತಡೆದು ಕೇಳಿದರು, “ಆ ಬೀಗಿತಿಗೆ ದನಿ ಕೊಟ್ಟೋರು ಯಾರು?”

ನಾನು ತಪ್ಪಿತಸ್ಥೆಯ ಹಾಗೆ ಮುಂದೆ ಬಂದೆ. “ನಾನೇ ಬೀಗರೇ. ತಪ್ಪಾತು. ಕಾರ್ಟೂನೇ ನಿಲ್ಸಿಬಿಟ್ಟೀವಿ.”

“ನಿಲ್ಸಿದ್ರಾ? ನಿಲ್ಸಾಕೆ ಯಾರು ಹೇಳಿದ್ರು? ನನ್ ದನಿ ಹಂಗೈತಾ ಅಂತ ಕೇಳಾಕೆ ಬಂದೀನಿ ನಾನು! ಅಷ್ಟು ಮೆತ್ತಗೆ ಯಾವತ್ತು ಜಗಳ ಆಡೀನಿ? ನಮ್ಮ ಬೀದಿಯೋರೆಲ್ಲ ಬಂದು, ಯಾಕಕ್ಕಾ ಮೈಯಾಗೆ ಹುಷಾರಿರ್ಲಿಲ್ವಾ ಅಂತ ಕೇಳ್ತಾರೆ. ಇದು ಅವಮಾನ ಅಲ್ವೇನ್ರೀ?”

ಕೂತವರೆಲ್ಲ ಬಾಯಿಗೆ ಸೆರಗು ಹಿಡಿದರು. ಸೊಸೆಗೆ ಜೀವ ಬಂದಂತಾಯಿತು. ಆ ಖುಷಿಯಲ್ಲಿ ಬಾಯಿ ಜಾರಿತು. “ಅಯ್ಯೋ ದೊಡ್ಡಮ್ಮಾ, ಅದು ನೀವಲ್ವೇ ಅಲ್ಲ! ನಮ್ಮತ್ತೇನ ನೋಡಿ ಬರ್ದಿದ್ದು!”

ಬೀಗಿತಿಯ ಮುಖ ಇಳಿದುಹೋಯಿತು. “ಅದು ನಾನಲ್ವಾ? ಊರಿಗೆಲ್ಲ ಹೇಳೀನಲ್ಲೇ!”

ನಾನು ಸೊಸೆಯತ್ತ ತಿರುಗಿದೆ. “ನಾನಾ? ನಾನೆಲ್ಲೇ ಪೀಸಿಗೆ ದಾರ ಕಟ್ತೀನಿ?”

ಮೊಮ್ಮಗಳು ಮೆಲ್ಲಗೆ ಕೇಳಿದಳು, “ಅಜ್ಜಿ, ಟ್ರಂಕ್ ತೆಗೀಲಾ?”

“ಕಟ್ತೀನಪ್ಪಾ. ಕಟ್ಟಿದ್ರೆ ಏನಾತು? ಆಕೆ ಒಂದೇ ಗಂಟು ಹಾಕ್ತಾಳೆ, ನಾನು ಎರಡು ಹಾಕ್ತೀನಿ. ನಾನು ಬೇರೆ, ಆಕೆ ಬೇರೆ!”

ಯಾರೂ ಒಪ್ಪಲಿಲ್ಲ. ಅಷ್ಟರಲ್ಲಿ ಬೀಗಿತಿ ಮಗಳ ಮುಂದೆ ಕೂತು, ಅಕ್ಕಿ ಕೊಬ್ಬರಿ ಇಟ್ಟು, ಚೀಲದಿಂದ ಹಸಿರು ಜಂಪರ್ ಪೀಸು ತೆಗೆದು ಅವಳ ಉಡಿಗೆ ಹಾಕಿದರು. ಮಗಳು ಅತ್ತೆಯ ಕಾಲಿಗೆ ಬಗ್ಗಲು ಹೋಗಿ, ಹೊಟ್ಟೆ ಅಡ್ಡ ಬಂದು, ಅಲ್ಲೇ ಕೈ ಹಿಡಿದು ಅತ್ತಳು, ನಕ್ಕಳು. ನಾನು ನೋಡಿದ್ದು ಪೀಸಿನ ಮೂಲೆಯನ್ನು. ಅಲ್ಲಿ ಒಂದು ಕೆಂಪು ದಾರ. ಎರಡು ಗಂಟು.

ಅದು ನಾನು ಹೊನ್ನಾಳಿ ಮಗಳ ಉಡಿಗೆ ಹಾಕಿದ್ದು. ಅವಳು ನ್ಯಾಮತಿಯ ತಂಗಿಗೆ ಕೊಟ್ಟಿದ್ದಾಳೆ, ತಂಗಿ ಜಗಳೂರಿನ ಅತ್ತೆಗೆ ಕೊಟ್ಟಿದ್ದಾಳೆ, ಅತ್ತೆ ಈಗ ನನ್ನ ಮನೆಗೇ ತಂದಿದ್ದಾರೆ. ಬೀಗಿತಿಯೂ ಆ ದಾರ ನೋಡಿದರು. ನನ್ನನ್ನು ನೋಡಿದರು. ಒಂಬತ್ತು ವರ್ಷದಲ್ಲಿ ಮೊದಲ ಸಲ ನನ್ನ ದನಿ ಹೊರಡಲಿಲ್ಲ.

“ಬೀಗರೇ,” ಎಂದು ನನ್ನ ಭುಜ ತಟ್ಟಿದರು, “ಆ ಚಿತ್ರ ನೀವೇ ಆಗಿರ್ರಿ, ಒಪ್ಪಿದೆ. ಆದ್ರೆ ಇನ್ನು ಮುಂದೆ ದನಿ ನಂದು.”

ಊಟಕ್ಕೂ ಮುಂಚೆ ಟ್ಯಾಬು ಬೀರುವಿನಿಂದ ಹೊರಗೆ ಬಂತು.

ಈಗ ವಾರವಾರ ಜಗಳೂರಿನಿಂದ ಫೋನಿನಲ್ಲಿ ಬೀಗಿತಿಯ ಬೈಗುಳ ಬರುತ್ತದೆ. ಅವರೂ ಮನೆಯಲ್ಲಿ ಕಂಬಳಿ ಹೊದ್ದೇ ಕೂರುತ್ತಾರಂತೆ. ಮೊನ್ನೆ ಚನ್ನಗಿರಿ ಸಂತೆಯಲ್ಲಿ ಟೊಮೆಟೊ ಮಾರುವವಳು ನನ್ನನ್ನು ತಡೆದು ನಿಲ್ಲಿಸಿದಳು. “ಅಜ್ಜೀ, ಈಗೀಗ ಕಾರ್ಟೂನಿನಾಗೆ ನಿಮ್ಮ ದನಿ ಭಾರಿ ಗಟ್ಟಿಯಾಗೈತಲ್ಲ! ಈ ವಯಸ್ಸಿನಾಗೆ ಅಂಥದ್ದೇನು ತಿಂತೀರಿ?”

“ಇಲ್ಲೆಲ್ಲ ಸಿಗಲ್ಲ ಕಣವ್ವಾ,” ಅಂದೆ, “ಜಗಳೂರಿಂದ ತರಿಸ್ತೀನಿ.”