ನೋಟವೂ ನಿಲ್ಲದ ಬೋರ್ಡು

"ಇನ್ನ ನಿನ್ನ ಬೋರ್ಡಿಗೆ ಮಳಿ ಚಿಂತಿಲ್ಲ, ಬಿಸಲಿನ ಚಿಂತಿಲ್ಲ, ಧೂಳಿನ ಚಿಂತಿಲ್ಲ!" ಎಂದು ಫಕೀರಪ್ಪ ತನ್ನ ಹೊಸ ಯಂತ್ರವನ್ನು ಎತ್ತಿ ಹಿಡಿದ. ಬೆಳೆಗೆ ಔಷಧ ಹೊಡೆಯುವ ಹಳೆಯ ಪಂಪಿಗೆ ಮಿಕ್ಸರಿನ ಮೋಟರು ಸೇರಿಸಿದ್ದ. ಒಳಗೆ ಅವನೇ ಕಾಯಿಸಿದ, ಗಾಜಿನಂಥ ತಿಳಿ ವಾರ್ನಿಷ್.

ಅವನ ಹೆಂಡತಿ ಕಾಶವ್ವ ಬಾಗಿಲಲ್ಲೇ ನಿಂತು ನೋಡುತ್ತಿದ್ದಳು. ಇಷ್ಟು ವರ್ಷ ಕಂಡವರ ಮದುವೆಗಳಲ್ಲಿ ರೊಟ್ಟಿ ಬಡಿದವಳು ಇವತ್ತು ಗದಗದ ಬಸ್ ನಿಲ್ದಾಣದ ಹಿಂದೆ ಸ್ವಂತ ಖಾನಾವಳಿ ತೆರೆಯುವವಳಿದ್ದಳು. ಕೆಂಪು ವಿನೈಲ್ ಹಾಳೆಯನ್ನು ತಾನೇ ಕತ್ತರಿಸಿ, ಸಾಗುವಾನಿ ಹಲಗೆಯ ಮೇಲೆ 'ಕಾಶವ್ವನ ಖಾನಾವಳಿ' ಎಂದು ಅಂಟಿಸಿದ್ದಳು. ತನ್ನ ಹೆಸರನ್ನು ಅಷ್ಟು ದೊಡ್ಡದಾಗಿ ಅವಳು ಎಂದೂ ಕಂಡಿರಲಿಲ್ಲ.

"ಅಂಗಡಿ ವಾರ್ನಿಷ್ ಸಾಕಿತ್ತಲ್ರೀ?"

"ಅದು ಬರೇ ಹೊಳಿತೈತಿ. ಇದು ಕಾವಲು ಕಾಯತೈತಿ!"

ಯಂತ್ರ ಗುರ್ರೆಂದಿತು. ಅಕ್ಷರಗಳ ಅಂಚೂ ಕೈಗೆ ತಾಗದಂತೆ ತಿಳಿಪದರ ಕೂತು, ಕ್ಷಣದಲ್ಲೇ ಒಣಗಿತು. ನೀರು ಸುರಿದರೆ ಜಾರಿತು. ಎಣ್ಣೆಯೂ ಜಾರಿತು. ಕೂರಲು ಬಂದ ನೊಣ ಜಾರಿ ಬಿದ್ದು, ತಬ್ಬಿಬ್ಬಾಗಿ ನಡೆದೇ ಹೋಯಿತು!

ಫಕೀರಪ್ಪ ಹೆಮ್ಮೆಯಿಂದ ಹಲಗೆ ಎತ್ತಿದ. ಅದು ಕೈ ಜಾರಿ, ಹೊಸ್ತಿಲು ದಾಟಿ, ರಸ್ತೆಗಿಳಿದು ಸೈಕಲ್ ಅಂಗಡಿಯವರೆಗೆ ಓಡಿತು! ಹಿಡಿದು ತಂದು ಮೊಳೆ ಹೊಡೆದರೆ ಮೊಳೆಯೇ ಪಕ್ಕಕ್ಕೆ ಸರಿಯಿತು.

"ಭಾರೀ ಕಾವಲುಗಾರ! ಮಾಲಕರ ಗುರ್ತೂ ಇಲ್ಲ ಇದಕ್ಕ!" ಕಾಶವ್ವನ ಕಣ್ಣು ತುಂಬಿತು. ಉಣ್ಣುವವರು ಬರುವ ಹೊತ್ತಾಗಿತ್ತು. ಮೂಗು ಒರೆಸಿಕೊಂಡು ಉಳ್ಳಾಗಡ್ಡಿಯ ಜಾಳಿಗೆ ಚೀಲದ ಬಾಯಿ ತೆರೆದು ಹಿಡಿದಳು. "ನೂಕ್ರಿ!" ಹಲಗೆ ಸರ್ರನೆ ಒಳಗೆ ಸೇರಿತು. ಚೀಲವನ್ನೇ ಬಾಗಿಲ ಮೇಲೆ ತೂಗುಹಾಕಿದರು.

ಹೊತ್ತೇರಿದಂತೆ ಪದರ ಇನ್ನೂ ಬಲಿಯಿತು. ಕಾಶವ್ವ ತಲೆಯೆತ್ತಿ 'ಕಾ' ಎಂದು ಓದುವಷ್ಟರಲ್ಲಿ ಅವಳ ನೋಟವೇ ಜಾರಿ ಕೆಳಗೆ ಬಿತ್ತು. ಮತ್ತೆ ನೋಡಿದಳು. ಮತ್ತೆ ಜಾರಿತು!

"ಏನ್ರೀ, ನನ್ನ ಹೆಸರು ನನಗ ಓದಾಕ ಬರವಲ್ದು!"

ಫಕೀರಪ್ಪ ಕುಣಿದಾಡಿದ. "ಹಂಗಾರ ಇದಕ್ಕ ಯಾರ ದೃಷ್ಟಿನೂ ತಾಗಂಗಿಲ್ಲ!"

ಅಷ್ಟರಲ್ಲಿ ಒಬ್ಬ ಬಸ್ ಕಂಡಕ್ಟರು ಮೇಲೆ ನೋಡಿದ. ನೋಟ ಜಾರಿ, ಬಾಗಿಲ ಬಳಿಯ ಎಣಗಾಯಿ ಪಲ್ಯದ ಬೋಗುಣಿಯ ಮೇಲೆ ಬಿತ್ತು. ಒಳಗೆ ಬಂದು ಕೂತ. ಹಿಂದೆ ಬಂದವರ ಕಣ್ಣೂ ಅಲ್ಲೇ ಬಿತ್ತು. ಚೀಲ ಮಾತ್ರ ಕಂಡ ಒಬ್ಬಾಕೆ ಉಳ್ಳಾಗಡ್ಡಿ ಕೇಳಿಕೊಂಡು ಬಂದು ಊಟ ಮಾಡಿ ಹೋದಳು. ಮಧ್ಯಾಹ್ನಕ್ಕೆ ಕೂರಲು ಜಾಗವಿರಲಿಲ್ಲ!

"ಖಾನಾವಳಿ ಹೆಸರೇನ್ರೀ ಅವ್ವಾರ?" ಕಂಡಕ್ಟರು ಕೈ ತೊಳೆಯುತ್ತ ಕೇಳಿದ.

ಕಾಶವ್ವ ಹಂಚಿನ ಮೇಲಿನ ರೊಟ್ಟಿ ತಿರುವಿದಳು. "ಮ್ಯಾಲೆ ಬರದೈತ್ರಿ. ಕೇಳಿದ್ರ ಹೇಳತೀನಿ, ನೋಡಾಕ ಮಾತ್ರ ಹೋಗಬ್ಯಾಡ್ರಿ."