ಪಂಕ್ಚರ್ ಬಾನಿಯಲ್ಲಿ ಕುಳಿತ ಕಪ್ಪೆಯವರ ಸನ್ನಿಧಾನಕ್ಕೆ

ಮಾನ್ಯ ಕಪ್ಪೆಯವರೇ,

ನನ್ನ ಸೈಕಲ್ ರಿಪೇರಿ ಅಂಗಡಿಯ ಹಿಂದಿನ ಪುರಸಭೆ ಗುಂಡಿಯಲ್ಲಿ ಬಂಧುಬಳಗ ಸಮೇತ ವಾಸಿಸುತ್ತ, ಹಗಲು ಹೊತ್ತು ನನ್ನ ಪಂಕ್ಚರ್ ಬಾನಿಯಲ್ಲಿ ವಿರಾಜಮಾನರಾಗುವ ತಮ್ಮ ಪಾದಾರವಿಂದಗಳಿಗೆ, ನಾಲ್ಕಕ್ಕೂ, ವಂದಿಸಿ ಅರಿಕೆ ಮಾಡಿಕೊಳ್ಳುವುದೇನೆಂದರೆ:

ನೀರಲ್ಲಿ ಮುಳುಗಿಸಿದ ಟ್ಯೂಬಿನ ಪಕ್ಕ ಗುಳ್ಳೆ ಎದ್ದರೆ ಅದು ತೂತಿನದೋ ತಮ್ಮದೋ ತಿಳಿಯದೆ, ಮೊನ್ನೆ ಪೋಸ್ಟ್‌ಮ್ಯಾನ್ ಅಣ್ಣನ ಗಟ್ಟಿಮುಟ್ಟಾದ ಟ್ಯೂಬಿಗೆ ತೇಪೆಯ ಮೇಲೆ ತೇಪೆ ಹಾಕಿ ಬೈಸಿಕೊಂಡೆ. ಅದನ್ನು ಹೊಟ್ಟೆಗೆ ಹಾಕಿಕೊಂಡಿದ್ದೇನೆ. ಆದರೆ ತಾವು ಊರಿನ ವನ್ಯಜೀವಿ ಪುನಶ್ಚೇತನ ಯೋಜನೆಗೇ ಕಲ್ಲು ಹಾಕುತ್ತಿರುವುದನ್ನು ಹೇಗೆ ಸಹಿಸಲಿ?

ಯೋಜನಾಧಿಕಾರಿಗಳು ತಮಗಾಗಿಯೇ ರಸ್ತೆಯಾಚೆ ಹೊಸ ಕೊಳ ಕಟ್ಟಿಸಿದ್ದಾರೆ. ಗಲೀಜು ಎಂದು ಹುಲ್ಲು ಕೀಳಿಸಿ, ಕೆಸರು ಎತ್ತಿಸಿ, ತಳಕ್ಕೆ ನುಣುಪಾದ ಟೈಲ್ಸ್ ಹಾಸಿ, ಒಂದು ಹುಳವೂ ಸುಳಿಯದಂತೆ ಔಷಧಿ ಹೊಡೆಸಿದ್ದಾರೆ. ಊಟಕ್ಕೇನೂ ಸಿಗುವುದಿಲ್ಲ ಎಂಬುದೊಂದನ್ನು ಬಿಟ್ಟರೆ ಅರಮನೆಯೇ ಸರಿ. ತಮ್ಮ ಬಣ್ಣದ ಚಿತ್ರವಿರುವ ಫಲಕವನ್ನೂ ನೆಟ್ಟಿದ್ದಾರೆ. ಇಷ್ಟಾದರೂ ತಮ್ಮ ಪೈಕಿ ಒಬ್ಬರೂ ಅತ್ತ ತಲೆ ಹಾಕಿಲ್ಲವೆಂದರೆ, ಅಬ್ಬಬ್ಬಾ, ಎಂಥ ಜಂಬ! ಯೋಜನೆಯ ಸಭೆಗೂ ತಾವು ಗೈರುಹಾಜರಿ.

ಈಗ ಆ ಕೊಳ ನೋಡಲು ಬರುವವರ ಕಾರು ನಿಲ್ಲಿಸಲು ಜಾಗ ಬೇಕೆಂದು ಬರುವ ಸೋಮವಾರ ತಮ್ಮ ಗುಂಡಿಗೆ ಮಣ್ಣು ತುಂಬಲಿದ್ದಾರೆ. ಅಲ್ಲಿ ಕಪ್ಪೆಗಳಿವೆ ಸಾರ್ ಎಂದು ನಾನು ಅಂಗಲಾಚಿದರೆ, "ನಕ್ಷೆಯಲ್ಲಿ ಕಪ್ಪೆ ಇರೋದು ಕೊಳದಲ್ಲಿ ಕಣ್ರೀ, ನಿಮ್ಮ ಗುಂಡೀಲಿ ಹೇಗಿರುತ್ತೆ?" ಎಂದು ನನ್ನ ಬಾಯಿ ಮುಚ್ಚಿಸಿದರು.

ಆದ್ದರಿಂದ ತಾವು ದಯಮಾಡಿ, ಮಕ್ಕಳುಮರಿ, ಮೊಟ್ಟೆಗಳೊಡನೆ, ಲಾರಿಗಳಿಗೆ ದಾರಿ ಬಿಟ್ಟುಕೊಡುತ್ತ ರಸ್ತೆ ದಾಟಿ, ನಕ್ಷೆಯಲ್ಲಿ ತೋರಿಸಿದ ಕಡೆ ಹಾಜರಾಗತಕ್ಕದ್ದು. ಅದಾಗದಿದ್ದರೆ ಅಧಿಕಾರಿಗಳ ಮೇಜಿನ ಮೇಲೊಮ್ಮೆ ಕುಳಿತು, ತಾವು ಎಲ್ಲಿದ್ದೀರೆಂದು ತಾವೇ ಹೇಳಿಬನ್ನಿ. ನನಗಂತೂ ಹೇಳಿ ಹೇಳಿ ಸಾಕಾಗಿದೆ. ಇಷ್ಟು ದಿನ ತಮ್ಮ ವಟವಟಕ್ಕೆ ಶಾಪ ಹಾಕುತ್ತಿದ್ದ ನನ್ನ ಹೆಂಡತಿ ಕೂಡ ಈಗ "ಅವು ಹೋದ್ರೆ ಮನೆ ಬಿಕೋ ಅನ್ನುತ್ತೆ ರೀ" ಎಂದು ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಾಳೆ.

ತಮ್ಮ ವಿಶ್ವಾಸಿ,
ಸೈಕಲ್ ಅಂಗಡಿಯವ

ವಿ.ಸೂ.: ನಿನ್ನೆ ಅದೇ ಅಧಿಕಾರಿಗಳು ಗುಂಡಿಯ ಬಳಿ ಮೊಬೈಲ್ ಹಿಡಿದು ನಿಂತು ತಮ್ಮ ಗಾಯನವನ್ನು ರೆಕಾರ್ಡ್ ಮಾಡಿಕೊಂಡು ಹೋದರು. ಉದ್ಘಾಟನೆಯ ದಿನ ಕೊಳದ ದಂಡೆಯ ಸ್ಪೀಕರಿನಲ್ಲಿ ತಾವು ಹಾಡಲಿದ್ದೀರಿ. ಅದಕ್ಕಾಗಿ ತಾವು ಬದುಕಿರಲೇಬೇಕೆಂಬ ಬಲವಂತವೇನೂ ಇಲ್ಲವಂತೆ.