ರಿವರ್ಸ್ ತೆಗೆದದ್ದಕ್ಕೆ ಸಾಕ್ಷಿ

ಮನುಷ್ಯ ಏನಾದರೊಂದು ಸಾಧಿಸಿದ ಗಳಿಗೆಯಲ್ಲಿ ಸುತ್ತಮುತ್ತ ಯಾರೂ ಇರುವುದಿಲ್ಲ. ಹಾಲು ಉಕ್ಕಿಸಿದ ದಿನ ಮನೆಮಂದಿಯೆಲ್ಲ ಅಡುಗೆಮನೆಯಲ್ಲೇ ಸೇರಿರುತ್ತಾರೆ. ಉಕ್ಕುವುದಕ್ಕೆ ಮೊದಲೇ ಓಡಿಬಂದು ಒಲೆ ಆರಿಸಿದ ದಿನ ನೋಡಲು ಒಂದು ನರಪಿಳ್ಳೆಯೂ ಇರುವುದಿಲ್ಲ. ಆಮೇಲೆ ಹೇಳಿಕೊಂಡರೆ ಯಾರೂ ನಂಬುವುದಿಲ್ಲ. ಬಸವಕಲ್ಯಾಣದ ಒಂದು ಹೈಸ್ಕೂಲಿನಲ್ಲಿ ಗಣಿತ ಹೇಳುವ ನಾನು ಸಾಕ್ಷಿಯಿಲ್ಲದ ಇಂಥ ಗೆಲುವುಗಳನ್ನು ಬಹಳ ಕಂಡವನು. ಆದರೆ ಬಸ್ಸಿನ ವಿಷಯ ಬಂದಾಗ ಮಾತ್ರ ಸುಮ್ಮನಿರಲು ಆಗಲಿಲ್ಲ.

ಬಸ್ಸೆಂದರೆ ಕಂಪ್ಯೂಟರಿನ ಬಸ್ಸು. ಮಗಳು ಭಾಗ್ಯಶ್ರೀ ಬೀದರಿನಲ್ಲಿ ಕಟ್ಟಡಗಳ ನಕಾಶೆ ತೆಗೆಯುವ ಕೆಲಸ ಮಾಡುತ್ತಾಳೆ. ಓದುವ ಕಾಲಕ್ಕೆ ಅವಳಿಗಾಗಿ ಕೊಂಡಿದ್ದ ದೊಡ್ಡ ಕಂಪ್ಯೂಟರು, ಅವಳು ಲ್ಯಾಪ್‌ಟಾಪ್ ತೆಗೆದುಕೊಂಡ ಮೇಲೆ ನಮ್ಮ ಪಡಸಾಲೆಯಲ್ಲಿ ಉಳಿಯಿತು. ನಕಾಶೆಯ ಚಿತ್ರಗಳು ತಡವರಿಸದೆ ತಿರುಗಲಿ ಎಂದು ಅದರೊಳಗೆ ಗ್ರಾಫಿಕ್ಸ್ ಕಾರ್ಡ್ ಎಂಬ ದಪ್ಪನೆಯ ವಸ್ತುವೊಂದನ್ನು ಕೂರಿಸಿದ್ದಾರೆ. ಅಷ್ಟು ಶಕ್ತಿಯ ಯಂತ್ರದಲ್ಲಿ ನಾನು ಮಕ್ಕಳ ಅಂಕ ಕೂಡಿಸುತ್ತಿದ್ದೆ. ಎತ್ತಿನ ಗಾಡಿಯಲ್ಲಿ ಒಂದು ಬೆಂಕಿಪೊಟ್ಟಣ ಹೇರಿಕೊಂಡು ಹೋದಂತೆ ಅನ್ನಿಸಿ, ಯಂತ್ರಕ್ಕೂ ಒಂದಿಷ್ಟು ಕೆಲಸ ಕೊಡೋಣವೆಂದು ಬಸ್ ಓಡಿಸುವ ಆಟವೊಂದನ್ನು ಹಾಕಿಕೊಂಡೆ. ಐವತ್ತು ದಾಟಿದ ಮೇಲೆ ಆಟವೇ ಎಂದು ಕೇಳುವವರು ಒಂದು ಸಲ ಕುಳಿತು ನೋಡಬೇಕು. ಘಾಟಿ ಇಳಿಯಬೇಕು, ಸಿಗ್ನಲ್ಲಿಗೆ ನಿಲ್ಲಬೇಕು, ಕೊನೆಗೆ ಇಕ್ಕಟ್ಟಾದ ನಿಲ್ದಾಣದೊಳಗೆ ಎರಡು ಬಸ್ಸುಗಳ ನಡುವೆ ನಮ್ಮ ಬಸ್ಸನ್ನು ಹಿಂದಕ್ಕೆ ತೆಗೆದು ನಿಲ್ಲಿಸಬೇಕು. ಆ ರಿವರ್ಸ್ ನನ್ನನ್ನು ಬಹಳ ಗೋಳು ಹೊಯ್ದುಕೊಂಡಿತು. ಒಂದು ದಿನ ಹೇಗೋ ಬಸ್ಸು ಸರಕ್ಕನೆ ಹೋಗಿ ನಿಂತೇಬಿಟ್ಟಿತು. ನಾನು ಕುರ್ಚಿಯಿಂದ ಎದ್ದು ನಿಂತೆ. ಮನೆಯಲ್ಲಿ ಯಾರೂ ಇರಲಿಲ್ಲ.

ಆ ವಾರವೇ ಹುಮನಾಬಾದಿಗೆ ಹೋಗಿದ್ದಾಗ ಈ ಸಂಗತಿಯನ್ನು ವೈಜಿನಾಥನ ಮುಂದೆ ಹೇಳಿದ್ದು ನನ್ನ ತಪ್ಪು. ವೈಜಿನಾಥ ನನ್ನ ಹೆಂಡತಿ ಮಹಾನಂದಾಳ ಅಣ್ಣ. ಅವರ ತಂದೆಯಂತೆ ಅವನೂ ಬಸ್ ಚಾಲಕ, ನಿಜವಾದ ಬಸ್ಸಿನ ಚಾಲಕ. ನಾನು ರಿವರ್ಸಿನ ಕಥೆ ಮುಗಿಸುವವರೆಗೂ ಚಹಾ ಕುಡಿಯುತ್ತ ಕೇಳಿದ.

"ಮಾಸ್ತರ್ರ, ಆ ಬಸ್ಸಿಗಿ ಡೀಸೆಲ್ ವಾಸನಿ ಬರ್ತದೇನ್ರಿ?" ಅಂದ.

"ಇಲ್ಲ."

"ಕಂಪ್ಯೂಟರ್‌ದಾಗ ಬಸ್ ಓಡಸೋದಂದ್ರ ಫೋಟೋದಾಗಿನ ಊಟ ಉಂಡಂಗ. ಅದ್ರಾಗೂ ನೀವು ರಿವರ್ಸ್ ತಗದೀರಿ ಅಂದ್ರ ನಂಬಾಕ ಜರಾ ತ್ರಾಸ್ ಅದ. ತೋರಸ್ರಿ. ಕಣ್ಣಿಲೆ ನೋಡಿದ ಮ್ಯಾಲ ಮಾತಾಡೂನು."

ಮಹಾನಂದಾ ಪಕ್ಕದಲ್ಲೇ ಕುಳಿತು ಅಣ್ಣನ ಹೆಂಡತಿ ವೈನಿಯ ಜೊತೆ ಅವರೆಕಾಯಿ ಸುಲಿಯುತ್ತಿದ್ದಳು. ಅಣ್ಣ ತಂಗಿಯ ನಡುವೆ ಚಕ್ರದ ವಿಷಯದಲ್ಲಿ ಒಂದು ಹಳೆಯ ಬಾಕಿ ಇರುವುದು ನನಗೆ ಗೊತ್ತಿತ್ತು. ಮದುವೆಗೆ ಮುಂಚೆ ಅವಳು ಜೀಪು ಕಲಿಸು ಎಂದು ಅಣ್ಣನಿಗೆ ದುಂಬಾಲು ಬಿದ್ದಿದ್ದಳಂತೆ. ಅವನು ಪ್ರತಿ ಸಲವೂ "ಮುಂದಿನ ಆಯ್ತಾರ" ಅನ್ನುತ್ತಿದ್ದನಂತೆ. ನಮ್ಮ ಮದುವೆಯಾಗಿ, ಮಗಳು ದೊಡ್ಡವಳಾಗಿ, ಅವಳು ನೌಕರಿಗೆ ಸೇರಿದರೂ ಆ ಆದಿತ್ಯವಾರ ಬಂದಿರಲಿಲ್ಲ.

ಮನೆಗೆ ಬಂದವನೇ ಮಗಳಿಗೆ ಫೋನು ಹಚ್ಚಿದೆ. ಪರದೆಯ ಮೇಲೆ ನಡೆಯುವುದನ್ನು ಹಿಡಿದಿಡುವ ಉಪಾಯ ಇದೆಯೇ ಎಂದು ಕೇಳಿದರೆ, "ಗ್ರಾಫಿಕ್ಸ್ ಕಾರ್ಡಿನ ಜೋಡಿ ಬಂದ ಸಾಫ್ಟ್‌ವೇರ್ ಅದರಾಗೇ ಅದ ಪಪ್ಪಾ. ಹೊಸದೇನೂ ಹಾಕೋದು ಬ್ಯಾಡ. ಆಟ ಚಾಲೂ ಮಾಡಿ ಆಲ್ಟ್ ಹಿಡಿದು ಎಫ್ ನೈನ್ ಒತ್ರಿ, ರೆಕಾರ್ಡ್ ಆಗ್ತದ. ಮುಗದ ಮ್ಯಾಲ ಮತ್ತ ಅದೇ ಒತ್ರಿ, ನಿಲ್ತದ" ಅಂದಳು. ನಾನು ಫೋನನ್ನು ಸ್ಪೀಕರಿಗೆ ಹಾಕಿ, ಬಸ್ಸನ್ನು ನಿಲ್ದಾಣದ ಬಾಗಿಲಿಗೆ ತಂದು, ಆಲ್ಟ್ ಹಿಡಿದು ಒತ್ತಿದೆ. ಬಸ್ಸು, ನಿಲ್ದಾಣ, ಪ್ರಯಾಣಿಕರು ಎಲ್ಲ ಮಾಯವಾಗಿ ಪರದೆಯ ಮೇಲೆ ಮಗಳು ಹಾಕಿಟ್ಟ ಸೂರ್ಯಕಾಂತಿ ಹೊಲದ ಚಿತ್ರವೊಂದೇ ಉಳಿಯಿತು.

"ಪಪ್ಪಾ, ಎಫ್ ಫೋರ್ ಒತ್ತಿದ್ರೇನ್ರಿ? ಅದು ಆಟಾನೇ ಬಂದ್ ಮಾಡ್ತದ."

ಫೋರಿಗೂ ನೈನಿಗೂ ನಡುವೆ ಇರುವ ಅಂತರವನ್ನು ದಿನಾ ಹಲಗೆಯ ಮೇಲೆ ಬರೆದು ತೋರಿಸುವವನು ನಾನು. ಆದರೆ ಬೆರಳಿಗೆ ಗಣಿತ ಬರುವುದಿಲ್ಲ. ಅದೇ ತಪ್ಪನ್ನು ಮತ್ತೆ ಮತ್ತೆ ಮಾಡಿ, ಕೊನೆಗೆ ಎಫ್ ನೈನ್ ಮೇಲೆ ಮಹಾನಂದಾಳ ಕುಂಕುಮದ ಚುಕ್ಕೆಯಿಟ್ಟೆ. ಆಗ ರೆಕಾರ್ಡು ಆಗತೊಡಗಿತು. ಏನು ರೆಕಾರ್ಡು ಆಗುತ್ತದೆ ಎನ್ನುವುದು ಬೇರೆ ಮಾತು. ಒಂದು ದಿನ ಬಸ್ಸನ್ನು ಸೊಗಸಾಗಿ ನಿಲ್ಲಿಸಿ ವಿಡಿಯೊ ತೆರೆದರೆ ಅದರಲ್ಲಿ ಬರೀ ಸೂರ್ಯಕಾಂತಿ ಹೊಲ. ನಾನು ಒತ್ತಿದ್ದು ಆಟ ಶುರುವಾಗುವ ಮುಂಚೆ, ನಿಲ್ಲಿಸಿದ್ದು ಆಟ ಶುರುವಾದ ಕೂಡಲೆ. ಮಗಳು ಯಾವಾಗಲೋ ಡೆಸ್ಕ್‌ಟಾಪನ್ನೂ ರೆಕಾರ್ಡ್ ಮಾಡುವ ಅನುಮತಿ ಕೊಟ್ಟಿದ್ದರಿಂದ ಸಾಫ್ಟ್‌ವೇರು ನಿಷ್ಠೆಯಿಂದ ಹೊಲವನ್ನು ಕಾದಿತ್ತು. ನನ್ನ ಮೌಸಿನ ಬಾಣದ ಗುರುತು ಆ ಹೂಗಳ ಮೇಲೆ ಆಟವನ್ನು ಹುಡುಕುತ್ತ ಅಲೆಯುವುದನ್ನು ನೋಡಿದರೆ ಯಾರಿಗಾದರೂ ಕನಿಕರ ಬರಬೇಕು.

ಮೈಕಿನದು ಇನ್ನೊಂದು ಫಜೀತಿ. ಅದು ಸದಾ ತೆರೆದೇ ಇರುತ್ತದೆ ಎಂದು ನನಗೆ ತಿಳಿದಿರಲಿಲ್ಲ. ಒಂದು ಒಳ್ಳೆಯ ರಿವರ್ಸ್ ಕೊನೆಗೂ ಸಿಕ್ಕಿತೆಂದು ಮಹಾನಂದಾಳನ್ನು ಕರೆದು ತೋರಿಸಿದೆ. ಬಸ್ಸು ಹಿಂದೆ ಸರಿಯುತ್ತಿದ್ದಂತೆ ಕುಕ್ಕರಿನ ಸೀಟಿ, ಹೊರಗಿನಿಂದ ಹಳೇ ಸಾಮಾನು ಕೊಳ್ಳುವ ಭಂಗಾರದವನ ಕೂಗು, ಆಮೇಲೆ ನನ್ನದೇ ಧ್ವನಿ: "ನೋಡು ವೈಜಿನಾಥ, ನಿಮ್ಮಪ್ಪಗೂ ಬರ್ತಿರಲಿಲ್ಲ ಇಂಥಾ ರಿವರ್ಸ್."

ಅವಳು ನನ್ನತ್ತ ತಿರುಗಿದಳು. "ಅವರು ನನಗೂ ಅಪ್ಪ ಇದ್ರು, ನೆನಪದ ಏನ್ರಿ?"

ಆ ವಿಡಿಯೊ ಅಳಿಸಿದೆ. ಆ ದಿನ ಊಟಕ್ಕೆ ತಾಟಿನ ಮುಂದೆ ಕುಳಿತಾಗ ರೊಟ್ಟಿ ತಾನಾಗಿ ಬರಲಿಲ್ಲ, ನಾನೇ ಎದ್ದುಹೋಗಿ ತಂದುಕೊಂಡೆ. ಆದರೂ ಬಿಡಲಿಲ್ಲ. ಕೊನೆಗೊಂದು ಆದಿತ್ಯವಾರ ಮುಂಜಾನೆ ಬಾಯಿ ಬಿಗಿಹಿಡಿದು ಓಡಿಸಿದ ಬಸ್ಸು ನಿಂತಿತು, ರೆಕಾರ್ಡೂ ಆಗಿತ್ತು. ಪಕ್ಕದ ಬಸ್ಸಿಗೆ ಸ್ವಲ್ಪ ಸವರಿದಂತೆ ಕಂಡರೂ ಅದು ಬೆಳಕಿನ ದೋಷವಿರಬಹುದು ಎಂದುಕೊಂಡೆ. ಅದನ್ನು ಪೆನ್‌ಡ್ರೈವಿಗೆ ಹಾಕಿ ಮೇಜಿನ ಮೇಲಿಟ್ಟು ಸ್ನಾನಕ್ಕೆ ಹೋದೆ. ಬಂದಾಗ ಮಹಾನಂದಾ ಹುಮನಾಬಾದಿಗೆ ಹೊರಡಲು ಸೀರೆ ಉಟ್ಟು ತಯಾರಾಗಿ, ಪೆನ್‌ಡ್ರೈವನ್ನು ತನ್ನ ಪರ್ಸಿನಲ್ಲಿ ಇಟ್ಟುಕೊಂಡಿದ್ದಳು. "ನೀವು ಬಸ್ಸಿನಾಗ ಕಳಕೊಂಡೀರಿ" ಅಂದಳು. ನನ್ನ ಬಗ್ಗೆ ಇಷ್ಟು ಕಾಳಜಿ ಎಂದು ಹಿಗ್ಗಿದೆ.

ಹುಮನಾಬಾದಿನಲ್ಲಿ ವೈನಿ ಮಂಡಕ್ಕಿಯ ಸುಸಲಾ ಮಾಡಿದ್ದರು. ವೈಜಿನಾಥನಿಗೆ ಅಂದು ರಜೆ. ಎಲ್ಲರೂ ತಾಟು ಹಿಡಿದು ಟಿವಿಯ ಮುಂದೆ ಕುಳಿತರು. ಮಹಾನಂದಾ ತಾನೇ ಎದ್ದು ಪೆನ್‌ಡ್ರೈವ್ ಚುಚ್ಚಿ ರಿಮೋಟು ಒತ್ತಿದಳು. ನನ್ನ ಬಸ್ಸು ದೊಡ್ಡ ಪರದೆಯ ಮೇಲೆ ಮೂಡಿದಾಗ ಎದೆಯುಬ್ಬಿತು. ವೈಜಿನಾಥ ಕೊನೆಯವರೆಗೂ ನೋಡಿದ. ಮುಗಿದ ಮೇಲೆ ಚಮಚ ಕೆಳಗಿಟ್ಟ.

"ಮಾಸ್ತರ್ರ, ಕನ್ನಡಿ ಒಮ್ಮೆನೂ ನೋಡಲಿಲ್ಲ ನೀವು. ಬಾಜೂಕಿನ ಬಸ್ಸಿಗಿ ಬರಾಬರ್ ತಿಕ್ಕೀರಿ. ಮತ್ತ ಇದೆಂಥಾ ಬಸ್ ಸ್ಟ್ಯಾಂಡ್ರಿ? ಬಸ್ ನಿಲ್ಲೂಕಿಂತ ಮೊದಲ ಕಿಡಕ್ಯಾಗಿಂದ ಟಾವೆಲ್ ಒಗದು ಸೀಟ್ ಹಿಡಿಯೋರು ಒಬ್ಬರೂ ಇಲ್ಲ. ಮಂದಿ ಇಲ್ಲದ ಬಸ್ ಸ್ಟ್ಯಾಂಡಿನಾಗ ರಿವರ್ಸ್ ಯಾರ್ ಬೇಕಾದ್ರೂ ತಗೀತಾರ."

ನಾನು ಬೆಳಕಿನ ದೋಷದ ಬಗ್ಗೆ ಹೇಳಲು ಹೊರಟೆ. ಅಷ್ಟರಲ್ಲಿ ಟಿವಿ ತನ್ನಷ್ಟಕ್ಕೆ ಮುಂದಿನ ವಿಡಿಯೊ ಶುರುಮಾಡಿತು. ಅದೇ ಆಟ, ಅದೇ ನಿಲ್ದಾಣ. ನಾನು ಹಾಕಿದ್ದು ಒಂದೇ ವಿಡಿಯೊ, ಇದೆಲ್ಲಿಂದ ಬಂತು ಎಂದು ನೋಡುತ್ತಿರುವಾಗಲೇ ಬಸ್ಸು ನಿಧಾನವಾಗಿ ಒಳಬಂತು, ಅಗಲವಾಗಿ ತಿರುವು ತೆಗೆದುಕೊಂಡಿತು, ನಿಂತಿತು. ಎಡಗನ್ನಡಿ, ಬಲಗನ್ನಡಿ. ಆಮೇಲೆ ಒಂದೇ ಪಟ್ಟಿಗೆ ಹಿಂದೆ ಸರಿದು, ಅಲುಗಾಡದೆ, ಎರಡೂ ಕಡೆ ಸಮನಾದ ಜಾಗ ಬಿಟ್ಟು ನಿಂತಿತು. ವೈಜಿನಾಥ ಮಂಚದಿಂದ ಎದ್ದು ಟಿವಿಯ ಹತ್ತಿರ ಹೋದ.

"ಇದು ಕೈ ಅಂದ್ರ ಕೈ. ಪೂರಾ ಸಾಫ್ ಅದ" ಅಂದ. ಆಮೇಲೆ ನನ್ನತ್ತ ತಿರುಗಿ, ಇಷ್ಟು ವರ್ಷದಲ್ಲಿ ಎಂದೂ ತೋರಿಸದ ಗೌರವದಿಂದ ಕೇಳಿದ, "ಮಾಸ್ತರ್ರ, ಇದೂ ನಿಮ್ದೇ ಏನ್ರಿ?"

ಲೆಕ್ಕದ ಹಂತಗಳನ್ನು ಬಿಟ್ಟು ಉತ್ತರ ಮಾತ್ರ ಬರೆದ ಮಕ್ಕಳಿಗೆ, ಇದು ನಿನ್ನದಲ್ಲ ಎಂದು ಅಂಕ ಕಳೆಯುವವನು ನಾನು. ಆದರೂ ಆ ಗೌರವ ಬಹಳ ಹಿತವಾಗಿತ್ತು. ಒಂದು ಒಳ್ಳೆಯ ದಿನ ಇಂಥದೊಂದು ನನ್ನ ಕೈಯಿಂದಲೂ ಆಗಿ, ಮರೆತುಹೋಗಿರಬಾರದೇಕೆ? ಬಾಯಿ ತೆರೆದೆ. 'ಹೌದು' ಎಂಬುದರ 'ಹೌ' ಹೊರಬಿದ್ದಿತ್ತು. ಆಗ ಟಿವಿಯೊಳಗಿಂದ ಮಹಾನಂದಾಳ ಧ್ವನಿ ಬಂತು.

"ಅಣ್ಣಾ, ಈ ಬಸ್ ನಾ ಓಡಸೀನಿ. ನಮ್ಮನಿಯವ್ರು ಅಲ್ಲ. ನೀ ಅಂದಿದ್ದಿ ನೋಡು ಮುಂದಿನ ಆಯ್ತಾರ, ಅದು ಇನ್ನಾ ಬಂದಿಲ್ಲ. ಈಗರೇ ಜೀಪ್ ಕಲಿಸ್ತಿ ಏನ?"

ವಿಡಿಯೊ ಮುಗಿಯಿತು. ಎಲ್ಲರೂ ಅವಳತ್ತ ನೋಡಿದರು. ಅವಳು ತಾಟಿನಲ್ಲಿದ್ದ ಶೇಂಗಾಕಾಳನ್ನು ಒಂದೊಂದಾಗಿ ಆರಿಸಿ ತಿನ್ನುತ್ತಿದ್ದಳು, ಆದರೆ ಕಿವಿಗಳು ಕೆಂಪಗಾಗಿದ್ದವು. ನಾನು ಶಾಲೆಗೆ ಹೋದ ಮೇಲೆ ಮಧ್ಯಾಹ್ನ ಮಧ್ಯಾಹ್ನ ಕುಳಿತು ಕಲಿತದ್ದಂತೆ. ನನಗೆ ಸ್ಪೀಕರಿನಲ್ಲಿ ನಡೆದ ಪಾಠವನ್ನು ಅಡುಗೆಮನೆಯಿಂದಲೇ ಕೇಳಿಸಿಕೊಂಡು ರೆಕಾರ್ಡ್ ಮಾಡುವುದನ್ನೂ ಕಲಿತಳಂತೆ. ಪೆನ್‌ಡ್ರೈವಿಗೆ ಹಾಕುವುದನ್ನು ಮಾತ್ರ ಮಗಳಿಗೆ ಫೋನು ಮಾಡಿ ಕೇಳಿಕೊಂಡಳಂತೆ. ಮಗಳನ್ನು ಆಮೇಲೆ ವಿಚಾರಿಸಿದರೆ, "ಮಮ್ಮಿಗಿ ಒಂದೇ ಸಲ ಹೇಳಿದ್ನಿ ಪಪ್ಪಾ" ಎಂದಷ್ಟೇ ಅಂದಳು.

ವೈಜಿನಾಥ ಟಿವಿ ಆರಿಸಿದ. ಆಮೇಲೆ ಗೂಟಕ್ಕೆ ತೂಗುಹಾಕಿದ್ದ ಜೀಪಿನ ಕೀಲಿಕೈ ತೆಗೆದು ತಂಗಿಯ ಮುಂದೆ ಹಿಡಿದ.

"ಅಪ್ಪ ಇದ್ದಿದ್ರ ನನಗ ಬೈತಿದ್ದ" ಅಂದ. "ಏಳು. ಇವತ್ತೂ ಆಯ್ತಾರನೇ ಅದ."

ಅವರ ಮನೆಯ ಹಿಂದೆ ಪ್ಲಾಟು ಹಾಕಿ ಗಡಿಕಲ್ಲು ನೆಟ್ಟ ಬಯಲಿದೆ. ಅಲ್ಲಿ ಅವನು ಪಕ್ಕದಲ್ಲಿ ಕುಳಿತು ಕ್ಲಚ್ಚು, ಗೇರು, ಬ್ರೇಕು ಹೇಳಿಕೊಟ್ಟ. ಜೀಪು ಕೆಮ್ಮಿ ಕೆಮ್ಮಿ ನಿಂತಿತು. ಮತ್ತೆ ನಿಂತಿತು. ನಂತರ ಹೊರಟಿತು. ವೈನಿ ನನ್ನ ಪಕ್ಕದಲ್ಲಿ ನಿಂತು ಸೆರಗಿನಿಂದ ಕಣ್ಣೊರೆಸಿಕೊಂಡು, "ಆ ಜೀಪಿನಾಗ ನನಗೊಮ್ಮೆನೂ ಮುಂದ ಕೂಡಸಿಲ್ರಿ ಇವ್ರು. ಮುಂದಿನ ಸರ್ತಿ ನಂದ ಪಾಳಿ" ಅಂದರು. ಬಯಲಿನ ಆ ತುದಿಯವರೆಗೆ ಹೋಗಿ ತಿರುಗಿ ಬರುವಾಗ ಮಹಾನಂದಾಳ ಮುಖ ನೋಡಿದೆ. ಮದುವೆಯ ಫೋಟೋದಲ್ಲೂ ಅವಳು ಹಾಗೆ ನಕ್ಕಿಲ್ಲ.

ಜೀಪು ನಿಂತ ಮೇಲೆ ವೈಜಿನಾಥ ನನ್ನನ್ನೂ ಮರೆಯಲಿಲ್ಲ. "ಬರ್ರಿ ಮಾಸ್ತರ್ರ, ನೀವೂ ಒಂದು ರೌಂಡ್ ಹೊಡೀರಿ" ಅಂದ. ಕುಳಿತೆ. ಕೀಲಿ ತಿರುಗಿಸಿದೆ. ಜೀಪು ಒಂದು ಸಲ ಮುಂದಕ್ಕೆ ಹಾರಿತು. ಬ್ರೇಕು ಎಂದು ಅವನು ಕೂಗಿದಾಗ ನನ್ನ ಎಡಗೈ ಹೆಬ್ಬೆರಳು ಸ್ಟೇರಿಂಗಿನ ಕೆಳಗೆ, ಆಟದಲ್ಲಿ ಬ್ರೇಕಾಗಿದ್ದ ಕೀಬೋರ್ಡಿನ ಉದ್ದನೆಯ ಗುಂಡಿಯನ್ನು ಹುಡುಕುತ್ತಿತ್ತು. ಅವನೇ ಹ್ಯಾಂಡ್‌ಬ್ರೇಕು ಎಳೆದು, ಬಹಳ ಮೃದುವಾಗಿ, "ನಿಮ್ಮ ಕೆಲಸ ರೆಕಾರ್ಡಿಂಗ್ ಮಾಸ್ತರ್ರ. ಮೊಬೈಲ್ ತಗೀರಿ" ಅಂದ.

ಅವಳು ಎರಡನೆಯ ಸಲ ಹೊರಟು, ಎರಡು ಗಡಿಕಲ್ಲುಗಳ ನಡುವೆ ಜೀಪನ್ನು ಇಂಚಿಂಚಾಗಿ ಹಿಂದಕ್ಕೆ ತೆಗೆದದ್ದನ್ನು ನಾನು ಮೊಬೈಲಿನಲ್ಲಿ ಪೂರ್ತಿಯಾಗಿ ಹಿಡಿದೆ. ಈಗ ಆ ವಿಡಿಯೊವನ್ನು ನಮ್ಮ ಓಣಿಯವರೆಲ್ಲ ನೋಡಿದ್ದಾರೆ. ಚಿತ್ರ ಅಲುಗಾಡಿಲ್ಲ, ಬೆಳಕೂ ಚೆನ್ನಾಗಿದೆ. ಉದ್ದಕ್ಕೂ ನನ್ನ ಧ್ವನಿಯೂ ಸ್ಪಷ್ಟವಾಗಿ ಕೇಳಿಸುತ್ತದೆ: ಎಡಕ್ಕ ತಿರುಗಿಸು, ಇನ್ನಾ ಎಡಕ್ಕ, ಎಡಕ್ಕ. ನಾನು ಎಡಕ್ಕೆ ಅಂದಾಗಲೆಲ್ಲ ಅವಳು ಬಲಕ್ಕೆ ತಿರುಗಿಸಿದ್ದಾಳೆ. ಜೀಪು ಎಲ್ಲಿಯೂ ತಾಗಿಲ್ಲ.